ಹತ್ತು ನಿಮಿಷದ ಕಥೆಗಾರ: ಫ್ಯೋದರ್ ಖಿತ್ರುಕ್

ಎಳೆಯ ವಯಸ್ಸಿನಲ್ಲೇ ಹೆಸರು ಗಳಿಸಿದವರ ಕಥೆ ಹೇಳುವುದೆಂದರೆ ನಮ್ಮಂಥ ಅಧ್ಯಾಪಕರಿಗೆ ಬಹಳ ಪ್ರೀತಿ. ಹದಿನೆಂಟಕ್ಕೆ ಕವಿಯಾದವನು, ಇಪ್ಪತ್ತೈದಕ್ಕೆ ಕಾದಂಬರಿ ಬರೆದು ಲೋಕವನ್ನು ಗೆದ್ದವನು, ಮೂವತ್ತು ತುಂಬುವ ಮುನ್ನವೇ ಕಣ್ಮುಚ್ಚಿ ಚಿರಂಜೀವಿಯಾದವನು, ಇಂಥವರಿಂದಲೇ ಸಾಹಿತ್ಯ ಚರಿತ್ರೆಯ ಪುಟಗಳು ತುಂಬಿವೆ. ಬೆಂಚಿನ ಮೇಲೆ ಕುಳಿತ ಹುಡುಗರಿಗೆ ಇದರಿಂದ ಸ್ಫೂರ್ತಿ ಸಿಕ್ಕೀತು. ಆದರೆ ಸೀಮೆಸುಣ್ಣ ಹಿಡಿದು ಕಪ್ಪುಹಲಗೆಯ ಪಕ್ಕದಲ್ಲಿ ನಿಂತ, ನಲವತ್ತು ದಾಟಿದ ಮೇಷ್ಟರಿಗೆ ಅಷ್ಟೇನೂ ಸಮಾಧಾನ ಸಿಕ್ಕುವುದಿಲ್ಲ. ಆದ್ದರಿಂದಲೋ ಏನೋ, ತಡವಾಗಿ ಹೊತ್ತಿಕೊಂಡು ಬಹುಕಾಲ ಉರಿದ ದೀಪಗಳ ಕಡೆಗೆ ಈಚೆಗೆ ನನ್ನ ಕಣ್ಣು ಹೆಚ್ಚಾಗಿ ಹೋಗುತ್ತಿದೆ. ಅಂಥ ಒಂದು ದೀಪದ ವಿಷಯವನ್ನು ವಾಚಕರ ಮುಂದಿಡುತ್ತೇನೆ.

ಆತನ ಹೆಸರು ಫ್ಯೋದರ್ ಖಿತ್ರುಕ್. ರಷ್ಯಾದೇಶದ ಕಾರ್ಟೂನ್ ಚಿತ್ರಗಳ ನಿರ್ದೇಶಕ, ಲೇಖಕ. ಇಪ್ಪತ್ತೊಂದರ ಹರೆಯದಲ್ಲಿ ಮಾಸ್ಕೋ ನಗರದ ಸ್ಟುಡಿಯೋ ಒಂದನ್ನು ಸೇರಿ, ನಡುವೆ ಯುದ್ಧಕ್ಕೆ ಹೋಗಿಬಂದು, ಉಳಿದ ಕಾಲವನ್ನೆಲ್ಲ ಬೇರೆಯವರ ಚಿತ್ರಗಳಿಗೆ ಗೆರೆ ಎಳೆಯುತ್ತ ಕಳೆದು, ತನ್ನ ನಲವತ್ತೈದನೆಯ ವಯಸ್ಸಿನಲ್ಲಿ ಮೊದಲ ಬಾರಿಗೆ ಒಂದು ಚಿತ್ರವನ್ನು ನಿರ್ದೇಶಿಸಿದನು. ಅದರಿಂದ ಆ ದೇಶದ ಕಾರ್ಟೂನ್ ಕಲೆಯ ದಾರಿಯೇ ಹೊರಳಿತು. ಆಮೇಲಿನ ಇಪ್ಪತ್ತೊಂದು ವರ್ಷಗಳಲ್ಲಿ ಆತ ಮಾಡಿದ ಚಿತ್ರಗಳು ಎಣಿಸಿದರೆ ಇಪ್ಪತ್ತನ್ನು ಮುಟ್ಟುವುದಿಲ್ಲ. ಬಹುಪಾಲು ಹತ್ತು ನಿಮಿಷದವು. ಕೆಲವು ಇಪ್ಪತ್ತು ನಿಮಿಷದವು. ಎಲ್ಲವನ್ನೂ ಒಂದು ದೀರ್ಘ ಸಂಜೆಯಲ್ಲಿ ನೋಡಿ ಮುಗಿಸಬಹುದು. ನಾನು ಹಾಗೆ ನೋಡಿದವನು. ಆ ಚಿತ್ರಗಳಲ್ಲಿ ಒಂದೇ ಪ್ರಶ್ನೆ ಬೇರೆ ಬೇರೆ ವೇಷದಲ್ಲಿ ಮತ್ತೆ ಮತ್ತೆ ಬರುತ್ತದೆಂದು ನನಗೆ ತೋರಿತು: ಇಷ್ಟೊಂದು ಗದ್ದಲದ ನಡುವೆ ಒಬ್ಬ ಮನುಷ್ಯನ ದನಿ ಇನ್ನೊಬ್ಬನಿಗೆ ಕೇಳಿಸುವುದು ಹೇಗೆ?

ಮೊದಲು ಈ ಕಲೆಯ ವಿಷಯ ಎರಡು ಮಾತು. ಅನಿಮೇಷನ್ ಎಂಬ ಪದ ಕಿವಿಗೆ ಬಿದ್ದಾಗಲೆಲ್ಲ ಕನ್ನಡ ಪಾಠ ಹೇಳುವ ನನಗೆ ‘ಅನಿಮಿಷ’ ಎಂಬ ಪದ ನೆನಪಾಗುತ್ತದೆ. ಅನಿಮಿಷರೆಂದರೆ ರೆಪ್ಪೆ ಬಡಿಯದವರು, ದೇವತೆಗಳು. ಎರಡಕ್ಕೂ ಯಾವ ನಂಟೂ ಇಲ್ಲ. ಮೊದಲನೆಯದು ಪ್ರಾಣ, ಉಸಿರು ಎಂಬ ಅರ್ಥದ ಲ್ಯಾಟಿನ್ ಮಾತಿನಿಂದ ಬಂದದ್ದು. ಆದರೂ ರೆಪ್ಪೆ ಬಡಿಯುವಷ್ಟರಲ್ಲಿ ಎಷ್ಟು ಚಿತ್ರಗಳು ಜಾರಿಹೋಗುತ್ತವೆಂದು ಲೆಕ್ಕ ಹಾಕಿದರೆ ಈ ಸುಳ್ಳು ವ್ಯುತ್ಪತ್ತಿಯೂ ಅಷ್ಟೇನೂ ಕೆಟ್ಟದ್ದಲ್ಲವೆನಿಸುತ್ತದೆ. ಸಿನಿಮಾ ಪರದೆಯ ಮೇಲೆ ಒಂದು ಸೆಕೆಂಡಿಗೆ 24 ಚಿತ್ರಗಳು ಹಾಯುತ್ತವೆ, ನಿಮಿಷಕ್ಕೆ 1,440, ಹತ್ತು ನಿಮಿಷಕ್ಕೆ 14,400. ಒಂದೊಂದು ಚಿತ್ರವನ್ನೂ ಎರಡೆರಡು ಸಲ ಕ್ಯಾಮೆರಾಕ್ಕೆ ಒಡ್ಡಿ ಅರ್ಧ ಶ್ರಮ ಉಳಿಸಿಕೊಂಡರೂ ಏಳು ಸಾವಿರಕ್ಕೆ ಮೇಲ್ಪಟ್ಟು ಚಿತ್ರಗಳನ್ನು ಬರೆಯಬೇಕು. ಚಲನೆಯ ಮುಖ್ಯ ಘಟ್ಟಗಳನ್ನು ನುರಿತ ಕಲಾವಿದ ಬರೆಯುತ್ತಾನೆ. ನಡುವಣ ಹಂತಗಳನ್ನು ಸಹಾಯಕರು ತುಂಬುತ್ತಾರೆ. ಇನ್ನು ಕೆಲವರು ಅವನ್ನು ಪಾರದರ್ಶಕವಾದ ಸೆಲ್ಯುಲಾಯಿಡ್ ಹಾಳೆಗಳಿಗೆ ಇಳಿಸಿ ಬಣ್ಣ ಹಚ್ಚುತ್ತಾರೆ. ಪಾತ್ರದ ಒಳಹೊಕ್ಕು ನಟಿಸುವವನು ಆ ಮೊದಲನೆಯ ಕಲಾವಿದನೇ. ಅವನ ಮುಖ ಮಾತ್ರ ಯಾರಿಗೂ ಕಾಣುವುದಿಲ್ಲ. ಖಿತ್ರುಕ್ ತನ್ನ ಯೌವನವನ್ನೆಲ್ಲ ಸವೆಸಿದ್ದು ಈ ಕೆಲಸದಲ್ಲಿ.

ಆತ ಹುಟ್ಟಿದ್ದು 1917ರ ಮೇ 1ರಂದು, ವೋಲ್ಗಾ ನದಿಯ ಮೇಲಣ ತ್ವೇರ್ ಎಂಬ ಊರಿನಲ್ಲಿ, ಒಂದು ಯಹೂದಿ ಮನೆತನದಲ್ಲಿ. ಆ ವರ್ಷದ ಆರಂಭದಲ್ಲೇ ಚಕ್ರವರ್ತಿಯ ಸಿಂಹಾಸನ ಉರುಳಿತ್ತು; ವರ್ಷ ಮುಗಿಯುವುದರೊಳಗೆ ಬೋಲ್ಷೆವಿಕರ ಕ್ರಾಂತಿಯೂ ಆಯಿತು. ಬಾಲ್ಯದಲ್ಲೇ ಕುಟುಂಬ ಮಾಸ್ಕೋಗೆ ಬಂತು. 1930ರ ದಶಕದ ಮೊದಲಲ್ಲಿ ತಂದೆಗೆ ಜರ್ಮನಿಯಲ್ಲಿ ಕೆಲಸವಾಯಿತು. ಹುಡುಗ ಸ್ಟುಟ್‌ಗಾರ್ಟಿನ ಕಲಾಶಾಲೆಯಲ್ಲಿ ಚಿತ್ರ ಕಲಿತನು. ಜೊತೆಗೆ ಜರ್ಮನ್ ಭಾಷೆಯೂ ಚೆನ್ನಾಗಿ ಬಂತು. 1933ರಲ್ಲಿ ಹಿಟ್ಲರ್ ಅಧಿಕಾರಕ್ಕೇರಿದನು. ಮರುವರ್ಷ ಕುಟುಂಬ ಮಾಸ್ಕೋಗೆ ಮರಳಿತು.

1935ರಲ್ಲಿ ಮಾಸ್ಕೋದಲ್ಲಿ ನಡೆದ ಚಲನಚಿತ್ರೋತ್ಸವದಲ್ಲಿ ವಾಲ್ಟ್ ಡಿಸ್ನಿಯ ಕಿರುಚಿತ್ರಗಳು ಬಂದವು. ಅವು ಅಲ್ಲಿನ ಕಲಾವಿದರ ಮೇಲೂ ಅಧಿಕಾರಿಗಳ ಮೇಲೂ ಮಾಡಿದ ಪರಿಣಾಮ ದೊಡ್ಡದು. ತರುಣ ಖಿತ್ರುಕ್ ಅವನ್ನು ನೋಡಿ ಬೆರಗಾದನು. ತನ್ನ ಬಾಳಿನ ದಾರಿ ಇದೇ ಎಂದು ನಿಶ್ಚಯಿಸಿದನು. 1936ರ ಜೂನ್ ತಿಂಗಳಲ್ಲಿ ಸರ್ಕಾರ ಚದರಿಹೋಗಿದ್ದ ಸಣ್ಣ ಸಣ್ಣ ಕಾರ್ಟೂನ್ ಘಟಕಗಳನ್ನು ಒಟ್ಟುಗೂಡಿಸಿ ಮಾಸ್ಕೋದಲ್ಲಿ ಒಂದು ದೊಡ್ಡ ಸ್ಟುಡಿಯೋ ಕಟ್ಟಿತು. ಅದೇ ಮುಂದೆ ‘ಸೊಯುಜ್‌ಮುಲ್ತ್‌ಫಿಲ್ಮ್’ ಎಂದು ಲೋಕಪ್ರಸಿದ್ಧವಾಯಿತು. ಅಮೆರಿಕದ ಕಾರ್ಖಾನೆ ಪದ್ಧತಿಯಲ್ಲೇ ಕೆಲಸವನ್ನು ಹಂಚಿ ಚಿತ್ರ ತಯಾರಿಸಬೇಕೆಂಬುದು ಅದರ ಉದ್ದೇಶ. ಖಿತ್ರುಕ್ 1938ರಲ್ಲಿ ಅಲ್ಲಿಗೆ ಸೇರಿದನು.

ಕೆಲಸದ ಕೈ ಕುದುರುತ್ತಿರುವಾಗಲೇ, 1941ರ ಜೂನ್ 22ರಂದು ಹಿಟ್ಲರನ ಸೈನ್ಯ ಗಡಿ ದಾಟಿ ಒಳನುಗ್ಗಿತು. ಜರ್ಮನ್ ಬಲ್ಲ ತರುಣರು ಸೈನ್ಯಕ್ಕೆ ಬೇಕಾಗಿದ್ದರು. ಖಿತ್ರುಕ್‌ಗೆ ಬಿದ್ದ ಕೆಲಸ ಶತ್ರುವಿನ ರೇಡಿಯೋ ಸಂದೇಶಗಳನ್ನು ಕದ್ದು ಆಲಿಸುವುದು. ಇದನ್ನು ನಾನು ಆತನ ಜೀವನದ ಒಂದು ಬಿಡಿ ಸಂಗತಿಯೆಂದು ತಿಳಿಯಲಾರೆ. ತಾನು ಬಾಲ್ಯದಲ್ಲಿ ಆಡಿ ಕಲಿತ ಭಾಷೆಯಲ್ಲೇ ತನ್ನ ಜನರನ್ನು ಕೊಲ್ಲುವ ಆಜ್ಞೆಗಳು ಹರಿದುಬರುತ್ತಿದ್ದಾಗ, ಗರಗರ ಸದ್ದಿನ ನಡುವಿನಿಂದ ಒಂದೊಂದೇ ಮಾತನ್ನು ಹೆಕ್ಕಿ ತೆಗೆಯುವ ಕೆಲಸ ಅದು. ಯುದ್ಧ ಮುಗಿದ ಮೇಲೂ ಆತ ಸೈನ್ಯದಲ್ಲೇ ಇದ್ದು, 1947ರಲ್ಲಿ ಸ್ಟುಡಿಯೋಗೆ ಮರಳಿದನು. ಆಗ ವಯಸ್ಸು ಮೂವತ್ತು.

ಯುದ್ಧಾನಂತರದ ಆ ಕಾಲದಲ್ಲಿ ಸೋವಿಯತ್ ಕಾರ್ಟೂನ್ ಚಿತ್ರಗಳು ಬಹು ಸುಂದರವಾಗಿದ್ದವು. ಬಹು ವಿಧೇಯವಾಗಿಯೂ ಇದ್ದವು. ಕಲೆ ವಾಸ್ತವವನ್ನು ಹೋಲಬೇಕೆಂಬುದು ಸರ್ಕಾರದ ಕಟ್ಟಳೆ. ಗೆರೆಯಿಂದ ಮೂಡುವ ಕಲೆಗೆ ಇದು ಎಂಥ ಬಿಕ್ಕಟ್ಟೆಂಬುದನ್ನು ಹೇಳಬೇಕಾಗಿಲ್ಲ. ಅನೇಕ ವೇಳೆ ನಟರಿಂದ ಮೊದಲು ದೃಶ್ಯವನ್ನು ಆಡಿಸಿ, ಅದನ್ನು ಸಿನಿಮಾ ತೆಗೆದು, ಆ ಚಿತ್ರದ ಮೇಲೆ ಹಾಳೆಯಿಟ್ಟು ಗೆರೆ ತಿದ್ದುತ್ತಿದ್ದರು. ರಾಜಕುಮಾರ ನಿಜವಾದ ಮನುಷ್ಯನಂತೆಯೇ ನಡೆಯುತ್ತಿದ್ದನು. ಹಾಗಿದ್ದರೆ ಅವನನ್ನು ಚಿತ್ರವಾಗಿ ಬರೆಯುವ ಗೋಜೇಕೆ ಎಂದು ಕೇಳುವ ಧೈರ್ಯ ಯಾರಿಗೂ ಇರಲಿಲ್ಲ. ಅಂಥ ಕಾಲದಲ್ಲೂ ಒಳ್ಳೆಯ ಕೃತಿಗಳು ಹುಟ್ಟದೆ ಇರಲಿಲ್ಲ. ಲೆವ್ ಅತಮಾನೊವ್ 1957ರಲ್ಲಿ ಆಂಡರ್ಸನ್ನನ ಕಥೆಯಿಂದ ಮಾಡಿದ ‘ಹಿಮರಾಣಿ’ ಅವುಗಳಲ್ಲಿ ಒಂದು. ಅದರಲ್ಲಿ ಕಥೆ ಹೇಳಲು ಬರುವ ಓಲೆ ಲುಕೊಯೆ ಎಂಬ ಪುಟ್ಟ ಮುದುಕನಿದ್ದಾನೆ. ಅವನಿಗೆ ಜೀವ ತುಂಬಿದ ಕೈ ಖಿತ್ರುಕ್‌ನದು. ಸಹೋದ್ಯೋಗಿಗಳ ನಡುವೆ ಆತನಿಗೆ ಆಗಲೇ ನುರಿತವನೆಂಬ ಹೆಸರಿತ್ತು. ಹೊರಗೆ ಆತ ಯಾರೆಂದು ಯಾರಿಗೂ ತಿಳಿಯದು.

1956ರಲ್ಲಿ ಖ್ರುಶ್ಚೊವ್ ಸ್ಟಾಲಿನ್ ಕಾಲದ ಅನ್ಯಾಯಗಳನ್ನು ಪಕ್ಷದ ಸಭೆಯಲ್ಲಿ ಬಯಲಿಗೆಳೆದ ಮೇಲೆ ದೇಶದ ಗಾಳಿ ಸ್ವಲ್ಪ ಸಡಿಲಿತು. ಹೊರಗಿನ ಚಿತ್ರಗಳು ಕಣ್ಣಿಗೆ ಬೀಳತೊಡಗಿದವು. ಅಮೆರಿಕದಲ್ಲಿ ಡಿಸ್ನಿಯ ಮನೆ ಬಿಟ್ಟು ಬಂದವರು, ಯುಗೋಸ್ಲಾವಿಯದ ಜಾಗ್ರೆಬ್ ನಗರದ ಕಲಾವಿದರು, ನಾಲ್ಕಾರು ಗೆರೆಗಳಿಂದಲೇ ಮನುಷ್ಯನನ್ನು ನಿಲ್ಲಿಸಬಹುದೆಂದು ತೋರಿಸಿದ್ದರು. ಇದೇ ಹೊತ್ತಿಗೆ ಮಿಖಾಯಿಲ್ ವೋಲ್ಪಿನ್ ಎಂಬ ಲೇಖಕ ಬರೆದ ಒಂದು ಚಿತ್ರಕಥೆ ಖಿತ್ರುಕ್‌ನ ಕೈ ಸೇರಿತು. ಈ ವೋಲ್ಪಿನ್ 1933ರಲ್ಲಿ ಬಂಧನಕ್ಕೊಳಗಾಗಿ ಶಿಬಿರವಾಸದ ರುಚಿ ಕಂಡು ಬಂದವನು. ನಗುವುದನ್ನು ಮಾತ್ರ ಬಿಟ್ಟಿರಲಿಲ್ಲ. ಚಿತ್ರಕಾರನಾಗಿ ಸೆರ್ಗೆಯ್ ಅಲಿಮೊವ್ ಎಂಬ, ಆಗತಾನೆ ವಿದ್ಯಾಭ್ಯಾಸ ಮುಗಿಸಿದ್ದ ತರುಣ ಜೊತೆಗೂಡಿದನು. 1962ರಲ್ಲಿ ‘ಒಂದು ಅಪರಾಧದ ಕಥೆ’ ಹೊರಬಂತು.

ಚಿತ್ರ ಆರಂಭವಾಗುವುದೇ ಅಪರಾಧದಿಂದ. ವಸೀಲಿ ವಸೀಲ್ಯೆವಿಚ್ ಮಾಮಿನ್ ಒಬ್ಬ ಸಭ್ಯ ಗುಮಾಸ್ತ, ಲೆಕ್ಕ ಬರೆಯುವವನು. ಒಂದು ಬೆಳಗ್ಗೆ ಅವನು ಬಾಣಲೆ ಹಿಡಿದು ಅಂಗಳಕ್ಕಿಳಿದು, ಅಲ್ಲಿ ಗಟ್ಟಿಯಾಗಿ ಹರಟುತ್ತಿದ್ದ ಇಬ್ಬರು ಹೆಂಗಸರ ತಲೆಗೆ ಬಡಿಯುತ್ತಾನೆ. ಇಂಥ ಸಾಧುಪ್ರಾಣಿ ಹೀಗೇಕೆ ಮಾಡಿದ ಎಂದು ಕಥೆ ಒಂದು ದಿನ ಹಿಂದಕ್ಕೆ ಹೋಗುತ್ತದೆ. ಹಿಂದಿನ ಬೆಳಗ್ಗೆ ಅವನು ನಗುತ್ತ ಕೆಲಸಕ್ಕೆ ಹೋಗುತ್ತಾನೆ. ಎಲ್ಲರಿಗೂ ದಾರಿ ಬಿಡುತ್ತಾನೆ. ಸಂಜೆ ದಣಿದು ಮನೆಗೆ ಬಂದರೆ ಅಂಗಳದಲ್ಲಿ ಡೊಮಿನೋ ಆಡುವವರು ಕಾಯಿಗಳನ್ನು ಮೇಜಿಗೆ ಬಡಿಯುತ್ತಿದ್ದಾರೆ. ಪಕ್ಕದ ಮನೆಯ ಟೆಲಿವಿಷನ್ ಅರಚುತ್ತಿದೆ. ಇರುಳು ಬೆಳೆದಂತೆ ಒಂದೊಂದು ಗೋಡೆಯಿಂದ ಒಂದೊಂದು ಸದ್ದು: ಕುಡಿತದ ಕೂಟ, ಹಾಡು, ಕುಣಿತ. ಯಾರೂ ಅವನಿಗೆ ಕೇಡು ಬಗೆದವರಲ್ಲ. ಗೋಡೆಯ ಆಚೆಗೊಬ್ಬ ಮನುಷ್ಯನಿದ್ದಾನೆಂದು ಯಾರೂ ನೆನೆಯಲಿಲ್ಲ, ಅಷ್ಟೆ. ಕಣ್ಣು ಮುಚ್ಚದೆ ಬೆಳಗು ಹರಿಯುತ್ತದೆ. ಅಂಗಳದಲ್ಲಿ ಹೆಂಗಸರ ಹರಟೆ ಆರಂಭವಾಗುತ್ತದೆ. ಮುಂದಿನದು ನಮಗೆ ಗೊತ್ತೇ ಇದೆ.

ಆ ಕಾಲದ ಸೋವಿಯತ್ ಪ್ರೇಕ್ಷಕನಿಗೆ ಇದು ತನ್ನ ಮನೆಯ ಕಥೆಯೇ ಆಗಿತ್ತು. 1957ರಲ್ಲಿ ಸರ್ಕಾರ ಎಲ್ಲರಿಗೂ ಮನೆ ಕಟ್ಟಿಕೊಡುವ ಬೃಹತ್ ಯೋಜನೆ ಕೈಗೊಂಡು, ಸಿದ್ಧ ಹಲಗೆಗಳಿಂದ ಜೋಡಿಸಿದ ಐದಂತಸ್ತಿನ ಕಟ್ಟಡಗಳು ಊರೂರಿಗೂ ಎದ್ದವು. ಮನೆ ದೊರೆತವು, ಗೋಡೆಗಳು ಮಾತ್ರ ತೆಳ್ಳಗೆ. ಅದುವರೆಗೆ ರಾಜಕುಮಾರಿಯರೂ ಮೊಲಗಳೂ ಓಡಾಡುತ್ತಿದ್ದ ಕಾರ್ಟೂನ್ ಚಿತ್ರದೊಳಕ್ಕೆ ಬಾಡಿಗೆದಾರ, ಗುಮಾಸ್ತ, ನಿದ್ರೆಗೆಟ್ಟ ಮನುಷ್ಯ ಕಾಲಿಟ್ಟದ್ದು ಇದೇ ಮೊದಲೆನ್ನಬಹುದು. ಅವನನ್ನು ಬರೆದ ರೀತಿಯೂ ಹೊಸದು. ಉರುಟಾದ ಮೈಮಾಟವಿಲ್ಲ, ಚೌಕ, ಕೋನ, ಪತ್ರಿಕೆಗಳಿಂದ ಕತ್ತರಿಸಿ ಅಂಟಿಸಿದ ಚೂರುಗಳು, ಪರದೆಯ ತುಂಬ ಬರಿದಾದ ಜಾಗ. ಮಾಮಿನ್‌ಗೆ ಬೇಕಾಗಿದ್ದ ಮೌನವನ್ನು ನಿರ್ದೇಶಕ ಚಿತ್ರದ ಹಾಳೆಯಲ್ಲಾದರೂ ಅವನಿಗೆ ಕೊಟ್ಟಂತಿದೆ. ತಾನು ಇಷ್ಟು ವರ್ಷ ದುಡಿದು ಪಳಗಿಸಿಕೊಂಡ ಕೈಚಳಕವನ್ನೆಲ್ಲ ಬದಿಗಿಟ್ಟು, ಬೇಡವಾದದ್ದನ್ನು ಅಳಿಸುವುದನ್ನು ಖಿತ್ರುಕ್ ಈ ಚಿತ್ರದಲ್ಲಿ ಕಲಿತನು. ಆ ಕೈಚಳಕ ಇಲ್ಲದವನಿಗೆ ಏನನ್ನು ಬಿಡಬಹುದೆಂಬುದು ಹೊಳೆಯುತ್ತಿರಲಿಲ್ಲ. ಇಪ್ಪತ್ತನಾಲ್ಕು ವರ್ಷ ವ್ಯರ್ಥವಾಗಲಿಲ್ಲವೆಂದು ನಾನು ಹೇಳುವುದು ಈ ಅರ್ಥದಲ್ಲಿ.

ತರುವಾಯ ಆತ ತಿರುಗಿ ನೋಡಲಿಲ್ಲ. 1964ರಲ್ಲಿ ‘ತೊಪ್ತಿಜ್ಕ’ ಎಂಬ ಕರಡಿಮರಿಯ ಕಥೆ. ಸುತ್ತುಗೆರೆಯೇ ಇಲ್ಲದೆ ಬಣ್ಣದಿಂದಲೇ ಮೂಡಿದ ಮೆದುವಾದ ಚಿತ್ರ. ಮರುವರ್ಷ ‘ಬೊನಿಫೇಸನ ರಜೆ’. ಜೆಕ್ ಲೇಖಕ ಮಿಲೋಶ್ ಮಾಟ್ಸೊರೆಕ್ ಬರೆದ ಕಥೆಯ ಆಧಾರದ ಮೇಲೆ ಮಾಡಿದ ಇದರಲ್ಲಿ ಸರ್ಕಸ್ಸಿನ ಸಿಂಹವೊಂದು ರಜೆ ಪಡೆದು ಆಫ್ರಿಕಾದ ಅಜ್ಜಿಮನೆಗೆ ಹೋಗುತ್ತದೆ. ಮೀನು ಹಿಡಿಯಬೇಕು, ಬಾಳೆಹಣ್ಣು ತಿನ್ನಬೇಕು, ವಿಶ್ರಾಂತಿ ಪಡೆಯಬೇಕು ಎಂದು ಅದರ ಆಸೆ. ಆದರೆ ಊರ ಮಕ್ಕಳು ಸರ್ಕಸ್ಸನ್ನೇ ಕಂಡವರಲ್ಲ. ಸಿಂಹ ದಿನವೂ ಅವರಿಗಾಗಿ ಆಟವಾಡಿ, ತನ್ನ ರಜೆಯನ್ನೆಲ್ಲ ಮಕ್ಕಳಿಗೇ ಕೊಟ್ಟುಬಿಡುತ್ತದೆ. ಬೇಸಗೆ ರಜೆಯಲ್ಲಿ ಉತ್ತರಪತ್ರಿಕೆ ತಿದ್ದುವ ಉಪಾಧ್ಯಾಯರಿಗೆ ಈ ಸಿಂಹದ ಮೇಲೆ ವಿಶೇಷ ಮಮತೆ ಹುಟ್ಟುವುದು ಸಹಜ.

ಮಕ್ಕಳ ಚಿತ್ರ ಮಾಡುತ್ತಲೇ ಆತ ದೊಡ್ಡವರನ್ನು ಕೆಣಕುವುದನ್ನೂ ಬಿಡಲಿಲ್ಲ. 1966ರ ‘ಚೌಕಟ್ಟಿನೊಳಗಿನ ಮನುಷ್ಯ’ ಒಬ್ಬ ಅಧಿಕಾರಿಯ ಚರಿತ್ರೆ. ಬಡ್ತಿ ದೊರೆತಂತೆಲ್ಲ ಅವನ ಭಾವಚಿತ್ರದ ಚೌಕಟ್ಟು ದಪ್ಪವಾಗುತ್ತದೆ, ಚಿನ್ನದ ಬಣ್ಣ ಪಡೆಯುತ್ತದೆ. ಒಳಗಿನ ಮನುಷ್ಯ ಕ್ಷೀಣಿಸುತ್ತ ಹೋಗಿ ಕಡೆಗೆ ಚೌಕಟ್ಟೊಂದೇ ಉಳಿಯುತ್ತದೆ. ಮರುವರ್ಷ ಷೇಕ್ಸ್‌ಪಿಯರನ ಅಥೆಲೋ ನಾಟಕವನ್ನು ಒಂದು ನಿಮಿಷಕ್ಕಿಳಿಸಿ, ಎಲ್ಲವನ್ನೂ ಅವಸರದಲ್ಲಿ ನುಂಗುವ ಕಾಲವನ್ನು ಗೇಲಿ ಮಾಡಿದನು. 1968ರಲ್ಲಿ ‘ಫಿಲ್ಮ್, ಫಿಲ್ಮ್, ಫಿಲ್ಮ್’ ಬಂತು. ವ್ಲದೀಮಿರ್ ಗೊಲೊವಾನೊವ್ ಜೊತೆಗೂಡಿ ಖಿತ್ರುಕ್‌ನೇ ಬರೆದ ಈ ಇಪ್ಪತ್ತು ನಿಮಿಷದ ಚಿತ್ರದಲ್ಲಿ ಒಂದು ಸಿನಿಮಾ ಹುಟ್ಟುವ ಪಾಡೆಲ್ಲ ಇದೆ. ಲೇಖಕ ಬರೆದದ್ದನ್ನು ಕಚೇರಿಯಿಂದ ಕಚೇರಿಗೆ ತಿದ್ದುತ್ತಾರೆ. ನಿರ್ದೇಶಕ ತಲೆ ಚಚ್ಚಿಕೊಳ್ಳುತ್ತಾನೆ. ಬಿಸಿಲು ಬೇಕೆಂದಾಗ ಮಳೆ ಬರುತ್ತದೆ. ಮೊದಲ ಪ್ರದರ್ಶನದ ದಿನ ಸಭೆ ಚಪ್ಪಾಳೆ ತಟ್ಟುವವರೆಗೆ ಅವರೆಲ್ಲರ ಪ್ರಾಣ ಬಾಯಿಗೆ ಬಂದಿರುತ್ತದೆ.

ಇಲ್ಲಿ ಒಂದು ಮಾತನ್ನು ಗಮನಿಸಬೇಕು. ಅದೇ 1968ರಲ್ಲಿ, ಅದೇ ಸ್ಟುಡಿಯೋದಲ್ಲಿ, ಅಂದ್ರೆಯ್ ಖ್ರಜಾನೊವ್‌ಸ್ಕಿ ಎಂಬ ತರುಣ ನಿರ್ದೇಶಕ ‘ಗಾಜಿನ ಹಾರ್ಮೋನಿಕ’ ಎಂಬ ಚಿತ್ರ ಮುಗಿಸಿದನು. ಅದನ್ನು ಅಧಿಕಾರಿಗಳು ಬೀರುವಿನೊಳಗಿಟ್ಟು ಬೀಗ ಹಾಕಿದರು. ಖಿತ್ರುಕ್‌ನ ಚಿತ್ರಗಳಿಗೆ ಆ ಗತಿ ಬರಲಿಲ್ಲ. ಆತ ಬಂಡಾಯಗಾರನಲ್ಲ. ಸರ್ಕಾರದ ಸ್ಟುಡಿಯೋದಲ್ಲಿ ಸಂಬಳ ಪಡೆದು, ಫ್ರೀಡ್ರಿಖ್ ಎಂಗೆಲ್ಸನ ತಾರುಣ್ಯವನ್ನು ಕುರಿತು ಪೂರ್ವ ಜರ್ಮನಿಯ ಕಲಾವಿದರೊಡನೆ 1970ರಲ್ಲಿ ಚಿತ್ರ ಮಾಡಿದವನು. ಅದನ್ನೂ ಎಂಗೆಲ್ಸನೇ ಬರೆದ ಪತ್ರಗಳಿಂದ, ಅವನೇ ಗೀಚಿದ ಚಿತ್ರಗಳಿಂದ ಕಟ್ಟಿದನು. ಆತನ ವಿಡಂಬನೆ ಒಂದು ಆಳ್ವಿಕೆಯ ಮೇಲಿನ ಬಾಣವಾಗಿರಲಿಲ್ಲ; ಎಲ್ಲ ಆಳ್ವಿಕೆಗಳಲ್ಲೂ ಇರುವ ಕಿವುಡುತನದ ಮೇಲಿನ ನಗೆಯಾಗಿತ್ತು. ಇದನ್ನು ಜಾಣತನವೆನ್ನುವವರು ಎನ್ನಲಿ. ಮಾಮಿನ್‌ನ ಕಥೆಯನ್ನು ನೋಡಿದವರಿಗೆ ಅದು ಆತನ ಸ್ವಭಾವವೆಂದೇ ತೋರುತ್ತದೆ.

ಆತನ ದೇಶದಲ್ಲಿ ಮನೆಮಾತಾದದ್ದು ಮಾತ್ರ ಒಂದು ಕರಡಿ. ಎ. ಎ. ಮಿಲ್ನ್ 1926ರಲ್ಲಿ ಇಂಗ್ಲಿಷಿನಲ್ಲಿ ಬರೆದ ‘ವಿನ್ನಿ ದ ಪೂ’ ಪುಸ್ತಕವನ್ನು ಬೊರಿಸ್ ಜಖೊದೆರ್ 1960ರಲ್ಲಿ ರಷ್ಯನ್ನಿಗೆ ತಂದನು. ಅವನು ಅದನ್ನು ಅನುವಾದವೆನ್ನದೆ ಮರುಕಥನವೆಂದು ಕರೆದನು. ಇದರಿಂದ ಖಿತ್ರುಕ್ 1969, 1971, 1972ರಲ್ಲಿ ಮೂರು ಚಿತ್ರ ಮಾಡಿದನು. ಡಿಸ್ನಿಯ ಸಂಸ್ಥೆ ಇದೇ ಕರಡಿಯ ಚಿತ್ರವನ್ನು 1966ರಲ್ಲೇ ತಂದಿತ್ತು. ಖಿತ್ರುಕ್ ಅದನ್ನು ಕಂಡಿರಲಿಲ್ಲ. ಆತನ ಮೊದಲ ಕರಡುಗಳಲ್ಲಿ ಕರಡಿಗೆ ಕೆದರಿದ ತುಪ್ಪಳವಿತ್ತು. ಬರಬರುತ್ತ ಅದೆಲ್ಲ ಉದುರಿ, ಕಂದುಬಣ್ಣದ ಒಂದು ಉಂಡೆ, ಕಪ್ಪು ಪಂಜಗಳು, ಯಾರೋ ಅಗಿದು ಬಿಟ್ಟಂಥ ಒಂದು ಕಿವಿ ಉಳಿದವು. ನಡೆಯುವಾಗ ಒಂದೇ ಮಗ್ಗುಲಿನ ಕೈಕಾಲು ಒಟ್ಟಿಗೆ ಮುಂದೆ ಬರುತ್ತವೆ. ಹಿನ್ನೆಲೆಯ ಕಾಡು ಮಗುವೊಂದು ಬಣ್ಣದ ಪೆನ್ಸಿಲಿನಲ್ಲಿ ಬರೆದಂತಿದೆ. ಯೆವ್ಗೆನಿ ಲಿಯೊನೊವ್ ಎಂಬ ಹೆಸರಾಂತ ನಟನ ಒರಟು ಕಂಠವನ್ನು ವೇಗ ಹೆಚ್ಚಿಸಿ ಕರಡಿಗೆ ಕೊಟ್ಟರು. ಹಂದಿಮರಿಗೆ ದನಿಯಾದ ಇಯಾ ಸಾವಿನಾ, ಕವಯಿತ್ರಿ ಬೆಲ್ಲ ಅಖ್ಮದೂಲಿನಾಳ ಮಾತಿನ ಧಾಟಿಯನ್ನು ಅನುಕರಿಸಿದಳಂತೆ. ಮೂಲದ ಕ್ರಿಸ್ಟಫರ್ ರಾಬಿನ್ ಎಂಬ ಹುಡುಗನನ್ನು ಖಿತ್ರುಕ್ ಬಿಟ್ಟೇಬಿಟ್ಟನು. ಪ್ರಾಣಿಗಳ ಮೇಲೆ ಯಜಮಾನನಿಲ್ಲ, ಎಲ್ಲರೂ ಸಮಾನರು. ಜಖೊದೆರ್‌ಗೂ ಆತನಿಗೂ ಹೊಂದಿಕೆ ತಪ್ಪಿ, ಮೂರಕ್ಕೇ ಸರಣಿ ನಿಂತಿತು. ಆ ಮೂರು ಚಿತ್ರಗಳ ಮಾತುಗಳು ಇಂದಿಗೂ ರಷ್ಯನ್ನರ ಬಾಯಲ್ಲಿ ಗಾದೆಗಳಂತೆ ಓಡಾಡುತ್ತವೆ.

1973ರಲ್ಲಿ ಖಿತ್ರುಕ್ ತಾನೇ ಬರೆದು ನಿರ್ದೇಶಿಸಿದ ‘ದ್ವೀಪ’ ಮರುವರ್ಷ ಫ್ರಾನ್ಸಿನ ಕಾನ್ ಚಿತ್ರೋತ್ಸವದಲ್ಲಿ ಕಿರುಚಿತ್ರಗಳಿಗೆ ಮೀಸಲಾದ ಅತ್ಯುನ್ನತ ಪ್ರಶಸ್ತಿಯನ್ನು ಪಡೆಯಿತು. ಹಡಗೊಡೆದು ಬದುಕುಳಿದವನೊಬ್ಬ ಒಂಟಿ ತಾಳೆಮರದ ದ್ವೀಪದಲ್ಲಿ ಕುಳಿತಿದ್ದಾನೆ. ಹಡಗುಗಳು ಬರುತ್ತವೆ, ಹೋಗುತ್ತವೆ. ಒಬ್ಬ ಬಾವುಟ ನೆಡುತ್ತಾನೆ. ಒಬ್ಬ ಧರ್ಮ ಬೋಧಿಸುತ್ತಾನೆ. ಪತ್ರಕರ್ತರು ಬಂದು ಹೋಗುತ್ತಾರೆ. ಯಾರೋ ಮರವನ್ನು ಕಡಿದೊಯ್ಯುತ್ತಾರೆ. ಇನ್ಯಾರೋ ಎಣ್ಣೆಗಾಗಿ ನೆಲ ಕೊರೆಯುತ್ತಾರೆ. ದ್ವೀಪ ಎಲ್ಲರಿಗೂ ಬೇಕು. ಅದರ ಮೇಲಿನ ಮನುಷ್ಯ ಯಾರಿಗೂ ಬೇಡ. ಎಲ್ಲ ಮುಗಿದ ಮೇಲೆ, ಮರದ ತುಂಡೊಂದನ್ನು ಹಿಡಿದು ಈಜುತ್ತ ಬರುತ್ತಾನೆ ಇನ್ನೊಬ್ಬ. ಅವನೂ ಇವನಂತೆಯೇ ನಿರಾಶ್ರಿತ. ಇಬ್ಬರೂ ಅದೇ ತುಂಡನ್ನು ಹಿಡಿದು ಒಟ್ಟಿಗೆ ಸಾಗುತ್ತಾರೆ. ಈ ಹತ್ತು ನಿಮಿಷವನ್ನು ನೋಡಲು ಭಾಷೆ ಬೇಕಾಗಿಲ್ಲ. ಹಡಗುಗಳು ಯಾವ ದೇಶದವು ಎಂದು ಕೇಳಬೇಕಾದ ಅಗತ್ಯವೂ ಇಲ್ಲ. ಮರುವರ್ಷ ಮಾಡಿದ ‘ನಿನಗೊಂದು ನಕ್ಷತ್ರ ಕೊಡುವೆ’ಗೂ 1975ರಲ್ಲಿ ಕಾನ್ ತೀರ್ಪುಗಾರರ ವಿಶೇಷ ಪ್ರಶಸ್ತಿ ದೊರೆಯಿತು. ಗಂಡಸು ಯುಗಯುಗದಲ್ಲೂ ಹೆಣ್ಣಿಗೆ ನಕ್ಷತ್ರವನ್ನೇ ತಂದುಕೊಡುವೆನೆಂದು ಹೇಳಿ ಅಡಿಗೆಮನೆಗೆ ನೂಕುವ ಕಥೆ ಅದು.

ಆತ ನಿರ್ದೇಶಿಸಿದ ಕೊನೆಯ ಚಿತ್ರದ ಹೆಸರು ಕೇಳಿದರೆ ಕನ್ನಡದ ವಾಚಕರಿಗೆ ಕಿವಿ ನಿಮಿರೀತು: ‘ಸಿಂಹ ಮತ್ತು ಎತ್ತು’, 1983. ಬಲಶಾಲಿಗಳಾದ ಎರಡು ಪ್ರಾಣಿಗಳ ನಡುವೆ ಸ್ನೇಹ ಬೆಳೆಯುತ್ತದೆ. ನರಿಯೊಂದು ನಡುವೆ ನುಸುಳಿ ಅನುಮಾನದ ಬೀಜ ಬಿತ್ತುತ್ತದೆ. ಕಡೆಗೆ ಕೊಂಬಿಗೂ ಪಂಜಕ್ಕೂ ಕಾಳಗ. ಮಾತೇ ಇಲ್ಲದ ಚಿತ್ರ. ಇದು ಪಂಚತಂತ್ರದ ಮೊದಲ ಕಥೆಯಲ್ಲದೆ ಮತ್ತೇನು? ಪಿಂಗಲಕನೆಂಬ ಸಿಂಹ, ಸಂಜೀವಕನೆಂಬ ಎತ್ತು, ಕಿವಿಯೂದುವ ದಮನಕ. ಈ ಕಥೆ ಭಾರತದಿಂದ ಹೊರಟು ಪಹ್ಲವಿಗೆ, ಎಂಟನೆಯ ಶತಮಾನದಲ್ಲಿ ಅರಬ್ಬಿಗೆ, ಹನ್ನೊಂದನೆಯದರಲ್ಲಿ ಗ್ರೀಕಿಗೆ, ಅಲ್ಲಿಂದ ಸ್ಲಾವ್ ಭಾಷೆಗೆ ದಾಟಿ, ‘ಸ್ತೆಫನಿತ್ ಮತ್ತು ಇಖ್ನಿಲತ್’ ಎಂಬ ಹೆಸರಿನಲ್ಲಿ ಹದಿನೈದನೆಯ ಶತಮಾನದ ಹೊತ್ತಿಗೇ ರಷ್ಯಾದಲ್ಲಿ ಓದಲ್ಪಡುತ್ತಿತ್ತು. ಆ ಎರಡು ಹೆಸರುಗಳು ನಮ್ಮ ಕರಟಕ ದಮನಕರವೇ.

ಗ್ರೀಕಿಗೆ ಈ ಕಥೆ ಹೋದ ಅದೇ ಶತಮಾನದಲ್ಲಿ, 1031ರ ಸುಮಾರಿಗೆ, ನಮ್ಮ ದುರ್ಗಸಿಂಹ ಅದನ್ನು ವಸುಭಾಗನ ಸಂಸ್ಕೃತದಿಂದ ಕನ್ನಡಕ್ಕೆ ತಂದು, ಈ ಭಾಗಕ್ಕೆ ‘ಭೇದ ಪ್ರಕರಣ’ವೆಂದು ಹೆಸರಿಟ್ಟನು. ಆತ ಚಾಲುಕ್ಯ ಜಯಸಿಂಹನಲ್ಲಿ ಸಂಧಿವಿಗ್ರಹಿ, ಎಂದರೆ ಸಂಧಿ ಮತ್ತು ಯುದ್ಧಗಳ ಮಂತ್ರಿ. ರಾಜರ ಸ್ನೇಹ ಒಂದು ಪಿಸುಮಾತಿಗೆ ಹೇಗೆ ಮುರಿಯುತ್ತದೆಂಬುದನ್ನು ದಿನವೂ ಕಂಡವನು. ಒಂಬತ್ತೂವರೆ ಶತಮಾನಗಳ ಆಚೆ, ಯುದ್ಧಕಾಲದಲ್ಲಿ ಶತ್ರುವಿನ ಮಾತನ್ನು ಆಲಿಸುತ್ತ ಕುಳಿತಿದ್ದ ಇನ್ನೊಬ್ಬನು ತನ್ನ ಕಡೆಯ ಮಾತಿಗೆ ಇದೇ ಕಥೆಯನ್ನು ಆರಿಸಿಕೊಂಡನು. ಕಾಲವೂ ಅಂಥದೇ. ಆ 1983ರ ಸೆಪ್ಟೆಂಬರ್ 1ರಂದು ಸೋವಿಯತ್ ಯುದ್ಧವಿಮಾನವೊಂದು ದಾರಿ ತಪ್ಪಿ ಬಂದ ದಕ್ಷಿಣ ಕೊರಿಯದ ಪ್ರಯಾಣಿಕರ ವಿಮಾನವನ್ನು ಹೊಡೆದುರುಳಿಸಿ 269 ಜನ ಸತ್ತರು. ಎರಡು ಮಹಾಶಕ್ತಿಗಳು ಒಂದರ ಉಸಿರಾಟವನ್ನು ಇನ್ನೊಂದು ಅನುಮಾನದಿಂದ ಆಲಿಸುತ್ತಿದ್ದ ವರ್ಷ ಅದು. ಚಿತ್ರದಲ್ಲಿ ಇದೊಂದರ ಸುಳಿವೂ ಇಲ್ಲ. ನರಿ ಪಿಸುಗುಡುತ್ತದೆ, ಅಷ್ಟೇ ಸಾಕು.

ಆಮೇಲೆ ಖಿತ್ರುಕ್ ಕಲಿಸುವ ಕೆಲಸಕ್ಕೆ ತಿರುಗಿದನು. 1987ರಲ್ಲಿ ಸರ್ಕಾರ ‘ಜನತೆಯ ಕಲಾವಿದ’ನೆಂಬ ಬಿರುದನ್ನು ಕೊಟ್ಟಿತು, ನಾಲ್ಕು ವರ್ಷದಲ್ಲಿ ಬಿರುದು ಕೊಟ್ಟ ಆ ರಾಷ್ಟ್ರವೇ ಇಲ್ಲವಾಯಿತು. ಸ್ಟುಡಿಯೋಗೆ ಬರುತ್ತಿದ್ದ ಸರ್ಕಾರದ ಹಣ ಬತ್ತಿತು. ಕಲಾವಿದರು ದಿಕ್ಕು ದಿಕ್ಕಿಗೆ ಚದರಿದರು. ಅಂಥ ಹೊತ್ತಿನಲ್ಲಿ, 1993ರಲ್ಲಿ, ಎಪ್ಪತ್ತಾರರ ಈ ಮುದುಕ ಯೂರಿ ನೊರ್ಸ್ತೈನ್, ಎದುವಾರ್ದ್ ನಜಾರೊವ್ ಮತ್ತು ಬೀಗ ಬಿದ್ದ ಚಿತ್ರದ ಆ ಖ್ರಜಾನೊವ್‌ಸ್ಕಿ ಇವರೊಡನೆ ಸೇರಿ ‘ಶಾರ್’ ಎಂಬ ಶಾಲೆಯನ್ನು ಕಟ್ಟಿದನು. ತೊಂಬತ್ತು ತುಂಬಿದ 2007ರಲ್ಲಿ ‘ಅನಿಮೇಟರನ ವೃತ್ತಿ’ ಎಂಬ ಎರಡು ಸಂಪುಟಗಳ ಪುಸ್ತಕ ಪ್ರಕಟವಾಯಿತು. ಹೆಸರನ್ನು ನೋಡಿ: ನಿರ್ದೇಶಕನ ವೃತ್ತಿಯೆಂದಲ್ಲ. ಪ್ರಶಸ್ತಿಗಳೆಲ್ಲ ಬಂದ ಮೇಲೂ ಆತ ತನ್ನನ್ನು ಗುರುತಿಸಿಕೊಂಡದ್ದು ಆ ಮೊದಲ ಇಪ್ಪತ್ತನಾಲ್ಕು ವರ್ಷದ ಹೆಸರಿಲ್ಲದ ಕೆಲಸದಿಂದ. 2012ರ ಡಿಸೆಂಬರ್ 3ರಂದು, ತೊಂಬತ್ತೈದನೆಯ ವಯಸ್ಸಿನಲ್ಲಿ, ಮಾಸ್ಕೋದಲ್ಲಿ ತೀರಿಕೊಂಡನು.

ಈ ಚಿತ್ರಗಳನ್ನು ಇಂದು ಮನೆಯಲ್ಲೇ ಕುಳಿತು ನೋಡಬಹುದು. ಮಕ್ಕಳಿದ್ದ ಮನೆಯವರು ಸಿಂಹದ ರಜೆಯಿಂದಲೋ ಕರಡಿಯಿಂದಲೋ ಆರಂಭಿಸಲಿ. ಮಕ್ಕಳು ಮಲಗಿದ ಮೇಲೆ ಮಾಮಿನ್‌ನ ಕಥೆಯನ್ನು ನೋಡಲಿ. ದನಿಯನ್ನು ಸ್ವಲ್ಪ ತಗ್ಗಿಸಿಕೊಂಡು ನೋಡಿದರೆ ಒಳ್ಳೆಯದು. ಗೋಡೆಯ ಆಚೆಗೆ ಯಾರಿದ್ದಾರೋ, ನಾಳೆ ಬೆಳಗ್ಗೆ ಎಷ್ಟು ಹೊತ್ತಿಗೆ ಕೆಲಸಕ್ಕೆ ಹೋಗಬೇಕಾದವರೋ, ನಮಗೆ ತಿಳಿಯದು.